ತಮ್ಮ ಹಂಚಬೇಕು, ಅಣ್ಣ ಆರಿಸಬೇಕು

ಮಧ್ಯಯುಗದ ವೇಲ್ಸ್‌ನಲ್ಲಿ ಅಪ್ಪನ ಜಮೀನು ಗಂಡುಮಕ್ಕಳಿಗೆಲ್ಲ ಸಮಪಾಲು. ಮನೆತನಗಳನ್ನು ಕಾದ ಆ ಕಟ್ಟಳೆಯೇ ರಾಜ್ಯಗಳನ್ನು ಒಡೆಯಿತು. ಅದನ್ನು ಜಾಣತನದಿಂದ ದಾಟಿದವರು ದೊಡ್ಡ ಜಮೀನ್ದಾರರಾದರು. ಅಂಥ ಒಂದು ಮನೆತನದ ಕುಡಿ ಇಂಗ್ಲೆಂಡಿನ ಸಿಂಹಾಸನವನ್ನೇ ಏರಿತು.

ಚಳಿಗಾಲದ ಸಂಜೆ. ಹೊರಗೆ ಕಡಲ ಗಾಳಿ, ಒಳಗೆ ಉದ್ದನೆಯ ಸಭಾಮನೆಯ ನಟ್ಟನಡುವೆ ಉರಿಯುವ ಬೆಂಕಿ. ದೊರೆ ಊಟಕ್ಕೆ ಕೂತಿದ್ದಾನೆ. ಅವನ ಎರಡೂ ಪಾದಗಳು ಒಬ್ಬ ಸೇವಕನ ಮಡಿಲಲ್ಲಿವೆ. ದೊರೆ ಕೂತ ಗಳಿಗೆಯಿಂದ ಮಲಗಲು ಹೋಗುವವರೆಗೆ ಆ ಪಾದಗಳನ್ನು ಹಿಡಿದು ಕೂರುವುದೇ ಆತನ ಹುದ್ದೆ. ಗದ್ದಲ ಹೆಚ್ಚಾದರೆ ಕಂಬಕ್ಕೆ ಬಡಿದು ಸಭೆಯನ್ನು ಸುಮ್ಮನಾಗಿಸಲು ಇನ್ನೊಬ್ಬನಿದ್ದಾನೆ. ಡೇಗೆ ಸಾಕುವವನಿಗೆ ಮಾತ್ರ ಅಲ್ಲಿ ಮೂರೇ ಸಲ ಕುಡಿಯಲು ಅಪ್ಪಣೆ. ಅಮಲೇರಿ ಹಕ್ಕಿಗಳನ್ನು ಮರೆತುಬಿಟ್ಟಾನು ಎಂಬ ಭಯ. ಜೇನಿನ ಮದ್ಯ ಮಾಡುವವನು, ದೀಪ ಹಿಡಿಯುವವನು, ವೈದ್ಯ, ಪಾದ್ರಿ, ನ್ಯಾಯಾಧೀಶ, ಕವಿ ಎಲ್ಲ ಸೇರಿ ಆಸ್ಥಾನದಲ್ಲಿ 24 ಹುದ್ದೆಗಳು. ಯಾರು ಎಲ್ಲಿ ಕೂರಬೇಕು, ಯಾರಿಗೆ ಏನು ಸಲ್ಲಬೇಕು ಎಂಬುದೆಲ್ಲ ಕಾನೂನಿನ ಪುಸ್ತಕದಲ್ಲಿ ಬರೆದಿದೆ.

ಇಂಥದೊಂದು ಅರಮನೆಯ ಅಡಿಪಾಯ ವೇಲ್ಸ್‌ನ ವಾಯವ್ಯ ತುದಿಯ ಆಂಗಲ್‌ಸಿ ದ್ವೀಪದಲ್ಲಿ, ರೋಸಿರ್ ಎಂಬಲ್ಲಿ, ಮರಳಿನಡಿ ಸಿಕ್ಕಿದೆ. 1990ರ ದಶಕದಲ್ಲಿ ಅದನ್ನು ಅಗೆದು ತೆಗೆದರು. ಅದರ ಅಳತೆ ಹಿಡಿದು ಕಟ್ಟಿದ ಸಭಾಮನೆಯನ್ನು ಇಂದು ಕಾರ್ಡಿಫ್ ಹತ್ತಿರದ ಸೇಂಟ್ ಫ್ಯಾಗನ್ಸ್ ವಸ್ತುಸಂಗ್ರಹಾಲಯದ ಬಯಲಿನಲ್ಲಿ ನೋಡಬಹುದು.

ಬ್ರಿಟನ್ನಿನ ಪಟ್ಟದ ಹಿರಿಮಗನನ್ನು ‘ಪ್ರಿನ್ಸ್ ಆಫ್ ವೇಲ್ಸ್’ ಎನ್ನುತ್ತಾರೆಂದು ನಮಗೆಲ್ಲ ಗೊತ್ತು. ಆ ಬಿರುದು ಮೊದಲು ಯಾರದಾಗಿತ್ತು, ಅವರ ಕೈಯಿಂದ ಹೇಗೆ ಹೋಯಿತು ಎಂದು ಕೇಳಿದವರು ಕಡಿಮೆ. ಯುದ್ಧ ಮತ್ತು ಕೋಟೆಗಳಿಂದ ಆ ಕಥೆ ಶುರು ಮಾಡುವುದು ವಾಡಿಕೆ. ನನಗೆ ಅದರ ಬೇರು ಕಾಣುವುದು ಜಮೀನಿನ ಪಾಲಿನಲ್ಲಿ.

ಒಂದು ನುಡಿ, ಹಲವು ಗದ್ದುಗೆ

ವೇಲ್ಸ್ ಗುಡ್ಡಗಾಡಿನ ನಾಡು. ನಡುವೆ ಎತ್ತರದ ಬೆಟ್ಟಸಾಲು, ಅಂಚಿನಲ್ಲಿ ಕಣಿವೆ, ಕಡಲತೀರ. ಒಂದು ಕಣಿವೆಯವರು ಇನ್ನೊಂದು ಕಣಿವೆಯನ್ನು ಆಳುವುದೇ ಕಷ್ಟ. ವಾಯವ್ಯದಲ್ಲಿ ಗ್ವಿನೆದ್, ಪೂರ್ವದ ಗಡಿಗೆ ಅಂಟಿ ಪೊವಿಸ್, ನೈರುತ್ಯದಲ್ಲಿ ದೆಹೈಬಾರ್ತ್, ಆಗ್ನೇಯದಲ್ಲಿ ಮೊರ್ಗಾನುಗ್. ಜನರಾಡುವ ನುಡಿ ಒಂದೇ, ಹಾಡುವ ಕವಿಗಳೂ ಎಲ್ಲ ಆಸ್ಥಾನಗಳಿಗೆ ಸಲ್ಲುವವರು, ಆದರೆ ದೊರೆ ಒಬ್ಬನಲ್ಲ. ಇಡೀ ನಾಡಿಗೆ ಒಂದು ರಾಜಧಾನಿ ಇರಲಿಲ್ಲ, ಒಂದು ಖಜಾನೆ ಇರಲಿಲ್ಲ.

ಎಲ್ಲರಿಗೂ ಸೇರಿದ್ದೊಂದಿತ್ತು: ಕಾನೂನು. 950ರ ಸುಮಾರಿಗೆ ತೀರಿಕೊಂಡ ಹವೆಲ್ ದಾ ಎಂಬ ದೊರೆ ಪ್ರತಿ ಸೀಮೆಯಿಂದ ಆರು ಮಂದಿಯನ್ನು ಕರೆಸಿ, ರೂಢಿಯ ಕಟ್ಟಳೆಗಳನ್ನು ಸೋಸಿ ಬರೆಸಿದ ಎಂಬುದು ಆ ನಾಡಿನ ನಂಬಿಕೆ. ಈಗ ಉಳಿದಿರುವ ಪ್ರತಿಗಳೆಲ್ಲ 13ನೇ ಶತಮಾನ ಮತ್ತು ಅದರ ಈಚಿನವು. ವೆಲ್ಷ್ ಹಾಗೂ ಲ್ಯಾಟಿನ್ ಎರಡರಲ್ಲೂ ಇವೆ. ಕೆಲವು ಅಂಗೈಯಲ್ಲಿ ಹಿಡಿಯುವಷ್ಟು ಪುಟ್ಟವು, ನ್ಯಾಯ ಹೇಳುವವನು ಊರಿಂದೂರಿಗೆ ಒಯ್ಯಲು ಮಾಡಿಸಿಕೊಂಡವು. ಅಂಥದೊಂದು ಪ್ರತಿ ವಲಸಿಗರ ಜೊತೆ ಅಮೆರಿಕಕ್ಕೂ ಹೋಗಿ, 2012ರಲ್ಲಿ ಹರಾಜಿನ ಮೂಲಕ ವೇಲ್ಸ್‌ನ ರಾಷ್ಟ್ರೀಯ ಗ್ರಂಥಾಲಯಕ್ಕೆ ಮರಳಿತು.

ಈ ಪುಸ್ತಕಗಳಲ್ಲಿ ಬದುಕು ಎಷ್ಟು ಹತ್ತಿರದಿಂದ ಕಾಣುತ್ತದೆಂದರೆ, ಬೆಕ್ಕಿಗೂ ಬೆಲೆ ಕಟ್ಟಿದ್ದಾರೆ. ಕಣ್ಣು ಬಿಡುವವರೆಗೆ ಒಂದು ಪೆನ್ನಿ, ಇಲಿ ಹಿಡಿಯುವವರೆಗೆ ಎರಡು, ಹಿಡಿಯಲು ಕಲಿತ ಮೇಲೆ ನಾಲ್ಕು. ದೊರೆಯ ಕಣಜ ಕಾಯುವ ಬೆಕ್ಕನ್ನು ಯಾರಾದರೂ ಕೊಂದರೆ ಅದನ್ನು ತಲೆಕೆಳಗಾಗಿ ಬಾಲ ಹಿಡಿದು ನಿಲ್ಲಿಸಿ, ಬಾಲದ ತುದಿ ಮುಚ್ಚುವ ತನಕ ಗೋಧಿ ಸುರಿಯಬೇಕು. ಆ ಗೋಧಿಯ ರಾಶಿಯೇ ದಂಡ. ಕಾಳು ಉಳಿಸಿದ ಜೀವಕ್ಕೆ ಕಾಳಿನಲ್ಲೇ ಬೆಲೆ.

ಯಾರ ಜೀವಕ್ಕೆ ಎಷ್ಟು

ಬೆಕ್ಕಿಗೆ ಕಟ್ಟಿದಂತೆ ಮನುಷ್ಯನಿಗೂ ಬೆಲೆ ಕಟ್ಟಿದ್ದರು. ಸಮಾಜದ ಮೆಟ್ಟಿಲುಗಳು ಸ್ಪಷ್ಟವಾಗಿ ಕಾಣುವುದು ಇಲ್ಲೇ. ಸ್ವತಂತ್ರ ಕುಲದಲ್ಲಿ ಹುಟ್ಟಿದ ಸಾಮಾನ್ಯನನ್ನು ಕೊಂದರೆ 63 ಹಸು. ಮನೆತನದ ಯಜಮಾನನಾಗಿ ಜಮೀನು ಹಿಡಿದಿರುವ ‘ಉಖೆಲೂರ್’ನನ್ನು ಕೊಂದರೆ ಅದರ ಎರಡರಷ್ಟು, 126 ಹಸು. ಈ ಜೀವದಂಡಕ್ಕೆ ‘ಗಲಾನಸ್’ ಎನ್ನುತ್ತಿದ್ದರು.

ಕೊಂದವನೊಬ್ಬನೇ ಇದನ್ನು ತೆರಬೇಕಿರಲಿಲ್ಲ. ಮೂರರಲ್ಲಿ ಒಂದು ಪಾಲು ಅವನದು ಮತ್ತು ಅವನ ಹೆತ್ತವರು, ಒಡಹುಟ್ಟಿದವರದು. ಉಳಿದುದನ್ನು ದಾಯಾದಿಗಳು ತುಂಬಬೇಕು. ಅದರಲ್ಲಿ ಅಪ್ಪನ ಕಡೆಯವರು ಎರಡು ಪಾಲು, ಅಮ್ಮನ ಕಡೆಯವರು ಒಂದು ಪಾಲು. ಅಷ್ಟಾದರೂ ಸಾಲದೆ ಹೋದರೆ ಕೊಂದವನು ಇನ್ನೂ ದೂರದ ನೆಂಟರನ್ನು ಹುಡುಕಿಕೊಂಡು ಹೋಗಿ ತಲೆಗೊಂದು ಪೆನ್ನಿ ಕೇಳಬಹುದಿತ್ತು. ಒಬ್ಬನ ಸಿಟ್ಟಿಗೆ ನೂರು ಮನೆ ದಂಡ ತೆರಬೇಕಾದಾಗ, ಆ ಸಿಟ್ಟನ್ನು ತಡೆಯಲು ನೂರು ಮನೆಗೂ ಕಾರಣವಿರುತ್ತದೆ. ಪೊಲೀಸರಿಲ್ಲದ ನಾಡಿನಲ್ಲಿ ಶಾಂತಿ ಕಾಯುತ್ತಿದ್ದುದು ಈ ಲೆಕ್ಕ.

ಆದ್ದರಿಂದಲೇ ವಂಶಾವಳಿ ಗೊತ್ತಿರುವುದು ಅಲ್ಲಿ ಬರಿಯ ಹೆಮ್ಮೆಯ ಸಂಗತಿಯಾಗಿರಲಿಲ್ಲ. ಯಾರು ಯಾರಿಗೆ ಎಷ್ಟನೆಯ ತಲೆಮಾರಿನ ದಾಯಾದಿ ಎಂಬುದು ಆಸ್ತಿಯ, ಸಾಲದ, ಪ್ರಾಣದ ಪ್ರಶ್ನೆ. 1188ರಲ್ಲಿ ಆರ್ಚ್‌ಬಿಷಪ್ ಬಾಲ್ಡ್‌ವಿನ್ ಜೊತೆ ವೇಲ್ಸ್ ಸುತ್ತಿದ ಪಾದ್ರಿ, ಬರಹಗಾರ ಜೆರಾಲ್ಡ್ ಇದನ್ನು ಗುರುತಿಸಿದ. ಇಲ್ಲಿಯ ಸಾಮಾನ್ಯರೂ ತಾತ ಮುತ್ತಾತಂದಿರ ಹೆಸರನ್ನು ಆರೇಳು ತಲೆಮಾರು ಬಾಯಲ್ಲೇ ಹೇಳಬಲ್ಲರು ಎಂದು ಬರೆದಿಟ್ಟ. ಅವನ ಅಜ್ಜಿ ನೆಸ್ಟ್ ವೆಲ್ಷ್ ರಾಜಕುಮಾರಿ, ಅಜ್ಜ ನಾರ್ಮನ್. ಎರಡೂ ಕಡೆಯ ರಕ್ತವಿದ್ದ ಅವನಿಗೆ ವೆಲ್ಷ್ ಜನರ ಆತಿಥ್ಯವೂ ಕಂಡಿತ್ತು, ಅಣ್ಣತಮ್ಮಂದಿರ ಕಚ್ಚಾಟವೂ ಕಂಡಿತ್ತು.

ಈ ಸ್ವತಂತ್ರ ಕುಲಗಳ ಕೆಳಗೆ ‘ತೈಯೋಗ್’ ಎಂಬ ಜೀತದ ಒಕ್ಕಲುಗಳಿದ್ದರು. ಅವರು ಭೂಮಿಗೆ ಕಟ್ಟುಬಿದ್ದವರು, ಬಿಟ್ಟು ಹೋಗುವಂತಿಲ್ಲ. ದೊರೆಗೆ ಸಭಾಮನೆ, ಮಲಗುವ ಕೋಣೆ, ಅಡುಗೆಮನೆ, ಕಣಜ, ಲಾಯ ಮುಂತಾಗಿ 9 ಕಟ್ಟಡಗಳನ್ನು ಕಟ್ಟಿಕೊಡುವುದು ಇವರ ಪಾಲಿನ ಬಿಟ್ಟಿ. ದೊರೆ ಪರಿವಾರದೊಂದಿಗೆ ಸೀಮೆಯಿಂದ ಸೀಮೆಗೆ ಸುತ್ತುತ್ತ ಬಂದಾಗ ಅವನ ತಟ್ಟೆ ತುಂಬುತ್ತಿದ್ದುದು ಪ್ರಜೆಗಳು ತಂದ ಕಾಳು, ಮಾಂಸ, ಬೆಣ್ಣೆ, ಮದ್ಯದಿಂದ. ಪ್ರತಿ ‘ಕುಮುದ್’ ಅಂದರೆ ಹೋಬಳಿಯಷ್ಟು ಸೀಮೆಗೆ ಒಂದು ಅರಮನೆ, ಅದರ ಪಕ್ಕದಲ್ಲೇ ದೊರೆಯ ಸ್ವಂತ ಹೊಲ ಉಳುವ ಜೀತದ ಹಳ್ಳಿ, ವಸೂಲಿಗೆ ಒಬ್ಬ ಅಧಿಕಾರಿ. 13ನೇ ಶತಮಾನದ ಹೊತ್ತಿಗೆ ಈ ಕಾಣಿಕೆಗಳು ಮೆಲ್ಲಮೆಲ್ಲನೆ ನಗದಿಗೆ ತಿರುಗುತ್ತಿದ್ದವು.

ಹೆಂಗಸರ ವಿಷಯದಲ್ಲಿ ಈ ಕಾನೂನನ್ನು ಹೊಗಳುವವರುಂಟು, ಸ್ವಲ್ಪ ಕಾರಣವೂ ಉಂಟು. ಏಳು ವರ್ಷ ಬಾಳಿದ ಮೇಲೆ ಗಂಡಹೆಂಡಿರು ಬೇರೆಯಾದರೆ ಮನೆಯ ಸ್ವತ್ತನ್ನು ಅರ್ಧರ್ಧ ಮಾಡಬೇಕಿತ್ತು. ಹಂದಿಗಳು ಅವನಿಗೆ, ಕುರಿಗಳು ಅವಳಿಗೆ. ಬೀಸುವ ಕಲ್ಲಿನಲ್ಲಿ ಮೇಲಿನದು ಅವನಿಗೆ, ಕೆಳಗಿನದು ಅವಳಿಗೆ. ಆದರೆ ಅಪ್ಪನ ಜಮೀನಿನಲ್ಲಿ ಹೆಣ್ಣುಮಕ್ಕಳಿಗೆ ಪಾಲಿಲ್ಲ. ಅದನ್ನು ಮರೆತು ಹೊಗಳುವುದು ಸರಿಯಲ್ಲ.

ಕುಳ, ಕೊಡಲಿ, ಕೊಪ್ಪರಿಗೆ

ಅಪ್ಪ ತೀರಿಕೊಂಡ. ನಾಲ್ಕು ಗಂಡುಮಕ್ಕಳು. ಜಮೀನು ಹೇಗೆ ಪಾಲಾಗಬೇಕು?

ಎಲ್ಲರಿಗಿಂತ ಕಿರಿಯವನು ಅಳೆದು ನಾಲ್ಕು ಪಾಲು ಮಾಡಬೇಕು. ಆರಿಸಿಕೊಳ್ಳುವ ಹಕ್ಕು ಮೊದಲು ಹಿರಿಯಣ್ಣನದು, ಆಮೇಲೆ ವಯಸ್ಸಿನ ಪ್ರಕಾರ ಒಬ್ಬೊಬ್ಬರದು. ಕೊನೆಗೆ ಉಳಿದದ್ದು ಹಂಚಿದವನಿಗೇ. ಹಾಗಾಗಿ ಕಿರಿಯವನು ಒಂದು ಪಾಲನ್ನು ಕುಗ್ಗಿಸಿದರೆ ಅದು ತನ್ನ ತಲೆಗೇ ಬರುತ್ತದೆ. ಯಾವ ಮೂರನೆಯವನ ಕಾವಲೂ ಇಲ್ಲದೆ ನ್ಯಾಯ ತಾನಾಗಿ ನಡೆಯುವಂತೆ ಮಾಡಿದ ಈ ಯುಕ್ತಿಯನ್ನು ಓದುವಾಗ, ಇದನ್ನು ಕಟ್ಟಿದವರಿಗೆ ಅಣ್ಣತಮ್ಮಂದಿರ ಮನಸ್ಸು ಎಷ್ಟು ಚೆನ್ನಾಗಿ ಗೊತ್ತಿತ್ತು ಎನಿಸುತ್ತದೆ. ಕಿರಿಯವನಿಗೂ ಒಂದು ವಿಶೇಷವಿತ್ತು. ಅಪ್ಪನ ಮೂಲಮನೆ ಅವನದು, ಅದರೊಂದಿಗೆ ಸೌದೆ ಕೊಡಲಿ, ನೇಗಿಲ ಕುಳ, ಕೊಪ್ಪರಿಗೆ. ಈ ಮೂರನ್ನು ಅಪ್ಪ ಬೇಕೆಂದರೂ ಬೇರೆಯವರಿಗೆ ಕೊಡುವಂತಿರಲಿಲ್ಲ.

ಪಾಲು ಅಲ್ಲಿಗೇ ಮುಗಿಯದು. ಅಣ್ಣತಮ್ಮಂದಿರೆಲ್ಲ ತೀರಿಕೊಂಡ ಮೇಲೆ ಅವರ ಮಕ್ಕಳು ಬೇಕೆಂದರೆ ಮತ್ತೆ ಸಮ ಮಾಡಿಕೊಳ್ಳಬಹುದು. ಅವರ ಮಕ್ಕಳೂ ಇನ್ನೊಮ್ಮೆ. ಒಂದು ಕವಲಿನಲ್ಲಿ ಒಬ್ಬನೇ ಮಗ, ಇನ್ನೊಂದರಲ್ಲಿ ಐವರಿದ್ದರೆ ಆಗುವ ಏರುಪೇರನ್ನು ಸರಿಪಡಿಸಲು ಈ ದಾರಿ. ಮುತ್ತಾತನ ಮರಿಮಕ್ಕಳ ಪಾಲಾದ ಮೇಲೆ ಮಾತ್ರ ಗಡಿ ಗಟ್ಟಿ. ಒಬ್ಬ ಮೂಲಪುರುಷನ ಹೆಸರಿನಲ್ಲಿ ಹೀಗೆ ಒಟ್ಟಾಗಿ ಭೂಮಿ ಹಿಡಿದ ಕುಲಕ್ಕೆ ‘ಗ್ವೆಲಿ’ ಎಂದು ಹೆಸರು. ಉಳುವ ಹೊಲ ಬೇರೆ ಬೇರೆಯಾದರೂ ಕಾಡು, ಹುಲ್ಲುಗಾವಲು ಎಲ್ಲರದು.

ಮದುವೆಯಾಚೆ ಹುಟ್ಟಿದ ಮಗನಿಗೂ ಪಾಲುಂಟು, ಅಪ್ಪ ಅವನನ್ನು ತನ್ನವನೆಂದು ಒಪ್ಪಿದ್ದರೆ ಸಾಕು. ಚರ್ಚು ಇದನ್ನು ಬಲವಾಗಿ ವಿರೋಧಿಸಿತು. ಅಪ್ಪನ ಪಾಪವನ್ನು ಮಗನ ಪಾಲಿನ ಮೇಲೆ ಹೇರಬಾರದು ಎಂಬುದು ವೆಲ್ಷ್ ಕಾನೂನಿನ ಉತ್ತರ. ಎಂಟು ಶತಮಾನ ಹಿಂದಿನ ಮಾತಿದು. ಇದರಲ್ಲಿರುವ ಮಾನವೀಯತೆಗೆ ನಾನು ತಲೆಬಾಗುತ್ತೇನೆ.

ಹುಟ್ಟಿದ ನೆಲದ ಮೇಲಿನ ಹಕ್ಕು ಎಷ್ಟು ದೊಡ್ಡದೆನ್ನಲು ಇನ್ನೊಂದು ಕಟ್ಟಳೆ ಸಾಕು. ದೂರ ಹೋದ ಕುಲದ ಕುಡಿಯೊಂದು ಒಂಬತ್ತನೆಯ ತಲೆಮಾರಿನಲ್ಲಿ ಹಳೆಯ ಜಮೀನು ಕೇಳಿಕೊಂಡು ಬಂದರೆ ಕಾಲ ಮೀರಿತು, ಹಕ್ಕು ಆರಿಹೋಯಿತು. ಆಗ ಅವನು ದನಿಯೆತ್ತಿ ಕೂಗಬಹುದು, ನೆಲದ ಒಡೆಯನಾಗಿದ್ದವನು ಒಡೆತನ ಕಳೆದುಕೊಳ್ಳುತ್ತಿದ್ದೇನೆ ಎಂದು. ಆ ಕೂಗನ್ನು ಕಾನೂನು ಕೇಳಿಸಿಕೊಳ್ಳುತ್ತದೆ. ಅಲ್ಲಿರುವವರಲ್ಲಿ ಒಬ್ಬನಿಗೆ ಇರುವಷ್ಟು ಪಾಲು ಅವನಿಗೂ ಸಿಗುತ್ತದೆ. ಅವನ ನಂತರ ಬರುವವನ ಕೂಗಿಗೆ ಬೆಲೆಯಿಲ್ಲ.

ಹೊಲದ ಪಾಲು ಗದ್ದುಗೆಗೂ ಬಂತು

ಒಕ್ಕಲು ಮಕ್ಕಳಿಗೆ ಇದು ನ್ಯಾಯ. ಅರಸುಮಕ್ಕಳ ಕೈಗೆ ಬಂದಾಗ ಇದೇ ಕತ್ತಿಯಾಯಿತು. ಪಟ್ಟಕ್ಕೆ ಒಬ್ಬನೇ ಉತ್ತರಾಧಿಕಾರಿ ಎಂದು ಪುಸ್ತಕ ಹೇಳುತ್ತಿತ್ತು. ಆದರೆ ಹೊಲದಲ್ಲಿ ಸಮಪಾಲು ಉಂಡು ಬೆಳೆದವರು ರಾಜ್ಯದಲ್ಲಿ ಸುಮ್ಮನಿರಲಿಲ್ಲ.

1160ರಲ್ಲಿ ಪೊವಿಸ್‌ನ ಮಾದೋಗ್ ತೀರಿಕೊಂಡ. ರಾಜ್ಯ ಒಡೆಯಿತು, ಮತ್ತೆಂದೂ ಕೂಡಲಿಲ್ಲ. 1170ರಲ್ಲಿ ಗ್ವಿನೆದ್‌ನ ಓವೈನ್ ತೀರಿಕೊಂಡ. ಅದೇ ವರ್ಷ ಅವನ ಮಗ, ಒಳ್ಳೆಯ ಕವಿ ಹವೆಲ್, ಮಲಸಹೋದರರ ಕೈಯಲ್ಲಿ ಸತ್ತ. 1197ರಲ್ಲಿ ದೆಹೈಬಾರ್ತ್‌ನ ರೀಸ್ ಹೋದ ಮೇಲೆ ಅವನ ಮಕ್ಕಳ ಕಾದಾಟ ಮುಗಿಯಲೇ ಇಲ್ಲ. 1216ರಲ್ಲಿ ಅಬರ್‌ದೊವಿಯಲ್ಲಿ ಕೂತು ಅವರ ಪಾಲು ಮಾಡಿಕೊಟ್ಟವನು ಗ್ವಿನೆದ್‌ನ ಲೆವೆಲಿನ್, ಮುಂದೆ ‘ಮಹಾ’ ಎನಿಸಿಕೊಂಡವನು.

ಈ ಲೆವೆಲಿನ್ ಕಟ್ಟಳೆಯ ಅಪಾಯವನ್ನು ನೇರವಾಗಿ ಕಂಡವನು. ತನ್ನ ರಾಜ್ಯ ಪಾಲಾಗಬಾರದೆಂದು ಪಣ ತೊಟ್ಟ. ಇಂಗ್ಲೆಂಡಿನ ದೊರೆ ಜಾನ್‌ನ ಮಗಳು ಜೋನ್‌ಳನ್ನು ಮದುವೆಯಾಗಿದ್ದ. ಅವಳ ಹೊಟ್ಟೆಯ ದಾವಿದ್ ಒಬ್ಬನಿಗೇ ಎಲ್ಲವೂ ಎಂದು ಪೋಪನಿಂದಲೂ ಒಪ್ಪಿಗೆ ತರಿಸಿದ. ಹಿರಿಯ ಮಗ ಗ್ರಿಫಿದ್ ಮದುವೆಯಾಚೆ ಹುಟ್ಟಿದವನು. ಹಳೆಯ ಕಾನೂನಿನಲ್ಲಿ ಅವನಿಗೂ ಹಕ್ಕಿತ್ತು, ಅವನ ಪರ ನಿಂತವರೂ ಬಹಳ. 1240ರಲ್ಲಿ ಲೆವೆಲಿನ್ ಸತ್ತ. ಗ್ರಿಫಿದ್ ಲಂಡನ್ ಗೋಪುರದ ಸೆರೆ ಸೇರಿದ. 1244ರ ಮಾರ್ಚ್ 1ರಂದು ಹಾಸಿಗೆಯ ಬಟ್ಟೆಗಳನ್ನು ಗಂಟುಹಾಕಿ ಕಿಟಕಿಯಿಂದ ಇಳಿಯಹೋದ. ಬಟ್ಟೆ ಹರಿಯಿತು, ಅವನು ಬಿದ್ದು ಸತ್ತ.

ಆ ಗ್ರಿಫಿದ್‌ನ ಮಗನೇ ಇನ್ನೊಬ್ಬ ಲೆವೆಲಿನ್. 1255ರಲ್ಲಿ ಬ್ರಿನ್ ದೆರ್ವಿನ್ ಎಂಬಲ್ಲಿ ಸ್ವಂತ ಅಣ್ಣತಮ್ಮಂದಿರನ್ನು ಸೋಲಿಸಿ, ಅಣ್ಣ ಓವೈನ್‌ನನ್ನು 20 ವರ್ಷಕ್ಕೂ ಹೆಚ್ಚು ಕಾಲ ಸೆರೆಯಲ್ಲಿಟ್ಟ. 1267ರ ಮಾಂಟ್‌ಗೊಮರಿ ಒಪ್ಪಂದದಲ್ಲಿ ಇಂಗ್ಲೆಂಡಿನ 3ನೇ ಹೆನ್ರಿ ಅವನನ್ನು ‘ಪ್ರಿನ್ಸ್ ಆಫ್ ವೇಲ್ಸ್’ ಎಂದು ಒಪ್ಪಿಕೊಂಡ. ಬದಲಿಗೆ ತೆರಬೇಕಾದದ್ದು 25,000 ಮಾರ್ಕ್. ಬಡ ಗುಡ್ಡಗಾಡಿಗೆ ಅದು ಬೆನ್ನು ಮುರಿಯುವ ಹೊರೆ. ಪ್ರಜೆಗಳ ಮೇಲೆ ತೆರಿಗೆ ಬಿತ್ತು, ಅಸಮಾಧಾನ ಬೆಳೆಯಿತು. 1274ರಲ್ಲಿ ತಮ್ಮ ದಾವಿದ್, ಪೊವಿಸ್‌ನ ಗ್ರಿಫಿದ್ ಜೊತೆ ಸೇರಿ ಅವನನ್ನು ಕೊಲ್ಲಲು ಸಂಚು ಮಾಡಿ, ಬಯಲಾದಾಗ ಇಂಗ್ಲೆಂಡಿಗೆ ಓಡಿದ. ಅದೇ ದಾವಿದ್ 1282ರಲ್ಲಿ ಇಂಗ್ಲೆಂಡಿನ ವಿರುದ್ಧ ದಂಗೆಯೆದ್ದ. ಅಣ್ಣ ಕೈಬಿಡಲಾರದೆ ಯುದ್ಧಕ್ಕಿಳಿದ.

ಡಿಸೆಂಬರ್ 11ರಂದು ಬಿಲ್ತ್ ಹತ್ತಿರ, ಸೈನ್ಯದಿಂದ ಬೇರೆಯಾಗಿದ್ದ ಲೆವೆಲಿನ್‌ನನ್ನು ಕೊಂದರು. ಮರುವರ್ಷ ದಾವಿದ್‌ಗೆ ಷ್ರೂಸ್‌ಬರಿಯಲ್ಲಿ ಮರಣದಂಡನೆಯಾಯಿತು. ಲೆವೆಲಿನ್‌ನ ಒಬ್ಬಳೇ ಮಗಳು ಗ್ವೆನ್‌ಲಿಯನ್ ಹಸುಗೂಸು. ಅವಳನ್ನು ಲಿಂಕನ್‌ಶೈರ್‌ನ ಸೆಂಪ್ರಿಂಗ್‌ಹ್ಯಾಮ್ ಸನ್ಯಾಸಿನಿಯರ ಮಠಕ್ಕೆ ಸೇರಿಸಿದರು. 1337ರಲ್ಲಿ ಸಾಯುವವರೆಗೆ ಅವಳು ಅಲ್ಲೇ ಇದ್ದಳು. ದಾವಿದ್‌ನ ಗಂಡುಮಕ್ಕಳು ಬ್ರಿಸ್ಟಲ್ ಕೋಟೆಯ ಸೆರೆಯಲ್ಲಿ ಬೆಳೆದರು. ಇನ್ನು ಪಾಲು ಕೇಳುವವರೇ ಇರಬಾರದು ಎಂಬುದು ಇಂಗ್ಲೆಂಡಿನ ದೊರೆ 1ನೇ ಎಡ್ವರ್ಡ್‌ನ ಲೆಕ್ಕ. 1301ರಲ್ಲಿ ಅವನು ‘ಪ್ರಿನ್ಸ್ ಆಫ್ ವೇಲ್ಸ್’ ಬಿರುದನ್ನು ಕೈರ್‌ನಾರ್ವನ್‌ನಲ್ಲಿ ಹುಟ್ಟಿದ ತನ್ನ ಮಗನಿಗೆ ಕೊಟ್ಟ.

ದಿವಾನರ ಮನೆತನ

ಅರಸು ಮನೆತನ ಅಳಿದರೂ ಅದರ ದಿವಾನರ ಮನೆತನ ಅಳಿಯಲಿಲ್ಲ. ಮಹಾ ಲೆವೆಲಿನ್‌ಗೆ ಎಡ್ನಿವೆಡ್ ವಖಾನ್ ಎಂಬ ‘ದಿಸ್ತೈನ್’ ಇದ್ದ. ಹುದ್ದೆ ಹಿಂದೆ ಊಟದ ಉಸ್ತುವಾರಿಯದು, ಅವನ ಕಾಲಕ್ಕೆ ಪ್ರಧಾನಮಂತ್ರಿಯದು. ಸಂಧಾನಕ್ಕೆ ಹೋಗುವವನು ಅವನು, ಒಪ್ಪಂದಕ್ಕೆ ಸಾಕ್ಷಿ ಅವನು. 1246ರಲ್ಲಿ ಸತ್ತ ಮೇಲೆ ಮಕ್ಕಳೂ ಅದೇ ಹುದ್ದೆಗೆ ಬಂದರು.

ಅವನ ಸೇವೆಗೆ ದೊರೆ ಕೊಟ್ಟದ್ದು ನಗದಲ್ಲ, ಉಂಬಳಿ. ಆಂಗಲ್‌ಸಿಯಿಂದ ಹಿಡಿದು ಹಲವು ಕಡೆ ಹಳ್ಳಿಗೆ ಹಳ್ಳಿಯೇ ಅವನ ವಂಶಕ್ಕೆ ಬಂತು. ಕಂದಾಯವಿಲ್ಲ, ಕಾಳಿನ ಕಾಣಿಕೆಯಿಲ್ಲ, ಯುದ್ಧಕ್ಕೆ ಕರೆದಾಗ ಹೋದರೆ ಸಾಕು. ಈ ಪೀಳಿಗೆಯನ್ನು ‘ವಿರ್ಯೋನ್ ಎಡೆನ್’ ಎಂದೇ ಕರೆದರು. ಎಡ್ವರ್ಡ್ ಗೆದ್ದಾಗ ಇವರಲ್ಲಿ ಹಲವರು ಹೊಸ ದೊರೆಯ ಕಡೆ ನಿಂತು ಉಂಬಳಿ ಉಳಿಸಿಕೊಂಡರು. ಇದನ್ನು ದ್ರೋಹವೆಂದವರಿದ್ದಾರೆ. ನನಗೆ ಇದು ಇನ್ನೂ ತೊಡಕಿನದಾಗಿ ಕಾಣುತ್ತದೆ. ಊರಿನಲ್ಲಿ ಜನರಿಗೆ ಆಸರೆಯಾಗಿ, ಕವಿಗಳಿಗೆ ಅನ್ನ ಹಾಕಿ, ವೆಲ್ಷ್ ನುಡಿಯನ್ನು ಮುಂದಿನ ಎರಡು ಶತಮಾನ ಮೆರೆಸಿದವರೂ ಇಂಥ ಮನೆತನಗಳೇ.

ಗೆದ್ದವನು ಮುಟ್ಟದೆ ಬಿಟ್ಟದ್ದು

1284ರ ರಿದ್‌ಲಾನ್ ಶಾಸನದಿಂದ ಎಡ್ವರ್ಡ್ ಹೊಸ ಆಡಳಿತ ತಂದ. ಆಂಗಲ್‌ಸಿ, ಕೈರ್‌ನಾರ್ವನ್, ಮೆರಿಯೊನೆತ್, ಫ್ಲಿಂಟ್ ಎಂಬ ಜಿಲ್ಲೆಗಳಾದವು, ಷೆರಿಫ್‌ಗಳು ಬಂದರು. ಕೊಲೆಯಂಥ ಅಪರಾಧಗಳಿಗೆ ಇಂಗ್ಲಿಷ್ ಕಾನೂನು ಬಂತು. ಕಾನ್‌ವಿ, ಕೈರ್‌ನಾರ್ವನ್, ಹಾರ್ಲೆಕ್, ಬ್ಯೂಮಾರಿಸ್ ಕೋಟೆಗಳು ಎದ್ದವು. ಕೋಟೆಗಳ ನೆರಳಿನ ಪೇಟೆಗಳಲ್ಲಿ ಇಂಗ್ಲಿಷರಿಗೆ ಮನೆ ಕೊಟ್ಟರು. ಬ್ಯೂಮಾರಿಸ್ ಕಟ್ಟಲು ಹತ್ತಿರದ ಲಾನ್‌ವೈಸ್ ಊರಿನವರನ್ನೇ ಎಬ್ಬಿಸಿದರು. ಅವರಿಗೆ ಹೊಸ ಊರು ಮಾಡಿಕೊಟ್ಟದ್ದು ರೋಸಿರ್ ಅರಮನೆಯ ಮಗ್ಗುಲಲ್ಲಿ.

ಆದರೆ ಜಮೀನಿನ ಪಾಲಿನ ಕಟ್ಟಳೆಯನ್ನು ಅವನು ಹಾಗೇ ಬಿಟ್ಟ. ಮದುವೆಯಾಚೆಯ ಮಕ್ಕಳ ಹಕ್ಕನ್ನು ಕಿತ್ತುಹಾಕಿದ, ಗಂಡುಮಕ್ಕಳಿಲ್ಲದಿದ್ದರೆ ಹೆಣ್ಣುಮಕ್ಕಳಿಗೆ ಬರಬೇಕೆಂದ, ಅಷ್ಟೇ. ಪೂರ್ವ ಮತ್ತು ದಕ್ಷಿಣದ ಗಡಿಸೀಮೆಯಲ್ಲಂತೂ ಎಡ್ವರ್ಡ್‌ನ ಶಾಸನವೂ ನಡೆಯಲಿಲ್ಲ. ನಾರ್ಮನ್ ಕಾಲದಿಂದ ಬಲಿತ ‘ಮಾರ್ಚರ್’ ಪಾಳೆಯಗಾರರು ಅಲ್ಲಿ ತಮ್ಮದೇ ನ್ಯಾಯಾಲಯ ನಡೆಸುತ್ತಿದ್ದರು, ತಮ್ಮದೇ ದಂಡ ವಸೂಲು ಮಾಡುತ್ತಿದ್ದರು. ದೊರೆಯ ಆಜ್ಞೆ ಅವರ ಗಡಿಯಲ್ಲೇ ನಿಲ್ಲುತ್ತಿತ್ತು.

ಮಾರಬಾರದ ಭೂಮಿಯನ್ನು ಕೊಂಡವರು

ಪಾಲು ಪಾಲಾಗಿ ನಾಲ್ಕನೆಯ ತಲೆಮಾರಿಗೆ ಕೆಲವರ ಕೈಯಲ್ಲಿ ಉಳಿದದ್ದು ಅಂಗೈಯಗಲ ತುಂಡುಗಳು. ಕುಲದ ಭೂಮಿಯನ್ನು ಮಾರುವಂತಿಲ್ಲ. ಹಸಿವಿಗೆ ಆ ಕಾನೂನು ತಿಳಿಯದು. ಹೀಗೆ ಬಳಕೆಗೆ ಬಂದದ್ದು ‘ಪ್ರೀದ್’, ನಮ್ಮ ಕಡೆಯ ಭೋಗ್ಯದಂಥದು. ನಾಲ್ಕು ವರ್ಷಕ್ಕೆ ಭೂಮಿ ಒಪ್ಪಿಸಿ ಹಣ ಪಡೆಯುವುದು. ಅವಧಿಗೆ ಬಿಡಿಸಿಕೊಳ್ಳದಿದ್ದರೆ ಇನ್ನು ನಾಲ್ಕು ವರ್ಷ, ಮತ್ತೆ ನಾಲ್ಕು ವರ್ಷ. ಕಾಗದದ ಮೇಲೆ ಭೂಮಿ ಇನ್ನೂ ಹಳೆಯ ಕುಲದ್ದು, ಉತ್ತು ಉಣ್ಣುವವನು ಮಾತ್ರ ಬೇರೆ.

ಕಾಸಿದ್ದವರು ಹೀಗೆ ತುಂಡು ತುಂಡಾಗಿ ಕೂಡಿಸಿದರು. 1349ರಲ್ಲಿ ಪ್ಲೇಗ್ ಬಂತು. ಹಳ್ಳಿಗಳು ಬರಿದಾದವು, ವಾರಸುದಾರರಿಲ್ಲದ ಜಮೀನು ದೊರೆಗೆ ಸೇರಿತು, ಅಲ್ಲಿಂದ ಗೇಣಿಗೆ ಹೊರಬಂತು. ಅದನ್ನು ಹಿಡಿದವರೂ ಇವರೇ. 1352ರಲ್ಲಿ ಆಂಗಲ್‌ಸಿ, ಕೈರ್‌ನಾರ್ವನ್ ಜಿಲ್ಲೆಗಳ ಜಮೀನನ್ನು ಊರೂರು ಹಿಡಿದು ಬರೆಸಿದ ದಾಖಲೆಯೊಂದಿದೆ. ಅದರಲ್ಲಿ ಗ್ವೆಲಿಗಳು ಇನ್ನೂ ಹಳೆಯ ಮೂಲಪುರುಷರ ಹೆಸರಿನಲ್ಲೇ ಇವೆ, ಒಳಗೆ ಒಡೆತನ ಜಾರುತ್ತಿತ್ತು.

1400ರ ಸೆಪ್ಟೆಂಬರ್ 16ರಂದು ಓವೈನ್ ಗ್ಲಿನ್‌ದೂರ್ ತನ್ನನ್ನು ಪ್ರಿನ್ಸ್ ಆಫ್ ವೇಲ್ಸ್ ಎಂದು ಸಾರಿದಾಗ ಇಂಥ ಮನೆತನಗಳೆಲ್ಲ ದಾರಿ ಆರಿಸಬೇಕಾಯಿತು. ಅವನೂ ಅವರಲ್ಲೊಬ್ಬ. ಪೊವಿಸ್ ಅರಸರ ಪೀಳಿಗೆ, ಸುಖಾರ್ತ್‌ನಲ್ಲಿ ಕಂದಕ ಸುತ್ತಿದ ಚೆಂದದ ಮನೆ, ಇಂಗ್ಲಿಷ್ ಸೈನ್ಯದಲ್ಲಿ ಸೇವೆ. 1386ರಲ್ಲಿ ಲಾಂಛನದ ಮೊಕದ್ದಮೆಯೊಂದರಲ್ಲಿ ಸಾಕ್ಷಿ ಹೇಳಿದ್ದ. ಅದೇ ಮೊಕದ್ದಮೆಯ ಇನ್ನೊಬ್ಬ ಸಾಕ್ಷಿ ಕವಿ ಚಾಸರ್. ಎಡ್ನಿವೆಡ್‌ನ ಪೀಳಿಗೆಯ ರೀಸ್ ಮತ್ತು ಗ್ವಿಲಿಮ್ ಗ್ಲಿನ್‌ದೂರ್‌ನ ಸೋದರಸಂಬಂಧಿಗಳು. ಅವರು 1401ರ ಗುಡ್‌ಫ್ರೈಡೆ ದಿನ ಕಾವಲಿನವರು ಚರ್ಚಿಗೆ ಹೋದ ಹೊತ್ತಿನಲ್ಲಿ ಕಾನ್‌ವಿ ಕೋಟೆಯನ್ನೇ ಹಿಡಿದರು. 1404ರಲ್ಲಿ ಮಖಾನ್‌ಲೆತ್‌ನಲ್ಲಿ ವೆಲ್ಷ್ ಪಾರ್ಲಿಮೆಂಟ್ ಸೇರಿತು. 1409ರಲ್ಲಿ ಹಾರ್ಲೆಕ್ ಬಿದ್ದ ಮೇಲೆ ಎಲ್ಲ ಕೈತಪ್ಪಿತು. ಆಗಲೇ ಬಂದಿದ್ದ ದಂಡನೆಯ ಶಾಸನಗಳು ವೆಲ್ಷ್ ಜನರಿಗೆ ಮುಖ್ಯ ಹುದ್ದೆಗಳನ್ನೂ ಪೇಟೆಗಳ ಸ್ವತ್ತನ್ನೂ ಮುಚ್ಚಿಬಿಟ್ಟಿದ್ದವು.

ಸೋತವರ ಜಮೀನು ಗೆದ್ದವರಿಗೆ ಹೋಯಿತು. ಗೆದ್ದವರಲ್ಲಿ ಸೋತವರ ನೆಂಟರೂ ಇದ್ದರು. ಪೆನ್ರಿನ್‌ನ ಇನ್ನೊಬ್ಬ ಗ್ವಿಲಿಮ್ ಅದೇ ಎಡ್ನಿವೆಡ್ ಪೀಳಿಗೆ. ಸಮಯಕ್ಕೆ ದೊರೆಯ ಕಡೆ ತಿರುಗಿ, ಹೆಂಡತಿಯ ಕಡೆಯಿಂದ ಪೆನ್‌ಮನಿದ್ ಜಮೀನನ್ನೂ ಸೇರಿಸಿಕೊಂಡು ಉತ್ತರದ ದೊಡ್ಡ ಭೂಮಾಲೀಕನಾದ. ಕಾನ್‌ವಿ ಹಿಡಿದವರ ಅಣ್ಣತಮ್ಮಂದಿರಲ್ಲಿ ಒಬ್ಬನಾದ ಮರೆದಿದ್‌ನ ಮಗ ಓವೈನ್ ಟ್ಯೂಡರ್ ಬರಿಗೈಯಲ್ಲಿ ಇಂಗ್ಲಿಷ್ ಆಸ್ಥಾನ ಸೇರಿದ. 5ನೇ ಹೆನ್ರಿಯ ವಿಧವೆ ಕ್ಯಾಥರೀನ್‌ಳನ್ನು ವರಿಸಿದ. 1461ರಲ್ಲಿ ಹೆರ್‌ಫರ್ಡ್ ಪೇಟೆಯಲ್ಲಿ ಅವನ ತಲೆ ಹೋಯಿತು. 1485ರಲ್ಲಿ ಬಾಸ್‌ವರ್ತ್ ಬಯಲಿನಲ್ಲಿ ಗೆದ್ದು 7ನೇ ಹೆನ್ರಿಯಾದವನು ಅವನ ಮೊಮ್ಮಗ.

ಟ್ಯೂಡರ್ ವಂಶದ ಎರಡನೆಯ ದೊರೆಯ ಕಾಲದಲ್ಲೇ, 1536 ಮತ್ತು 1543ರ ಶಾಸನಗಳಿಂದ, ಹಳೆಯ ಸಮಪಾಲು ಮುಗಿಯಿತು. ಇನ್ನು ಮೇಲೆ ಹಿರಿಯ ಮಗನಿಗೇ ಜಮೀನು. ಮಾರ್ಚರ್ ಸೀಮೆಗಳು ಜಿಲ್ಲೆಗಳಾದವು. ನ್ಯಾಯಾಲಯದ ಭಾಷೆ ಇಂಗ್ಲಿಷ್ ಆಯಿತು. ವೇಲ್ಸ್‌ನಿಂದ ಲಂಡನ್ ಪಾರ್ಲಿಮೆಂಟಿಗೆ ಸದಸ್ಯರು ಹೋದರು, ಹೋದವರು ಇವೇ ಮನೆತನದವರು. ಗ್ವಿದಿರ್‌ನ ಜಾನ್ ವಿನ್ (1553–1627) ತನ್ನ ಮನೆತನದ ಇತಿಹಾಸ ಬರೆದಾಗ, ಅರಸು ಪೀಳಿಗೆಯ ತನ್ನ ದಾಯಾದಿಗಳು ಬಡ ಒಕ್ಕಲುಗಳಾಗಲು ಆ ಸಮಪಾಲೇ ಕಾರಣವೆಂದು ನೋವಿನಿಂದ ಬರೆದ. ಅವನು ಹೇಳಿದ್ದು ನಿಜ. ಆದರೆ ಆ ಒಕ್ಕಲುಗಳ ತುಂಡು ಹೊಲಗಳು ಸೇರಿಯೇ ಅವನಂಥವರ ಎಸ್ಟೇಟುಗಳಾದವು ಎಂಬುದೂ ಅಷ್ಟೇ ನಿಜ.

ಪೊವಿಸ್ ಕೋಟೆಗೆ ಬಂದ ಶ್ರೀರಂಗಪಟ್ಟಣ

ಒಡೆದ ಪೊವಿಸ್‌ನ ದಕ್ಷಿಣ ಭಾಗ ಮಾತ್ರ ಬೇರೆ ದಾರಿ ಹಿಡಿಯಿತು. ಲೆವೆಲಿನ್ ವಿರುದ್ಧ ಸಂಚು ಮಾಡಿದ ಗ್ರಿಫಿದ್‌ನ ಸೀಮೆ ಅದು. ಅವನ ಮಗ ಓವೈನ್ ಅರಸುತನವನ್ನು ಬಿಟ್ಟುಕೊಟ್ಟು ಇಂಗ್ಲಿಷ್ ಪಾಳೆಯಗಾರನ ಹಾಗೆ ಬಾಳಿದ. 1309ರಲ್ಲಿ ಓವೈನ್‌ನ ಎಳೆಯ ಮಗ ಸತ್ತಾಗ ಉಳಿದವಳು ಮಗಳು ಹವೀಸ್. ಇಂಗ್ಲಿಷ್ ಕಾನೂನಿನಲ್ಲಿ ಎಲ್ಲವೂ ಅವಳದು, ವೆಲ್ಷ್ ಕಾನೂನಿನಲ್ಲಿ ಅವಳಿಗೇನೂ ಇಲ್ಲ. 2ನೇ ಎಡ್ವರ್ಡ್ ಅವಳನ್ನು ತನ್ನ ಆಸ್ಥಾನದ ಜಾನ್ ಚಾರ್ಲ್‌ಟನ್‌ಗೆ ಮದುವೆ ಮಾಡಿಸಿದ. ಅವಳ ಚಿಕ್ಕಪ್ಪ ವೆಲ್ಷ್ ಕಾನೂನು ಹಿಡಿದು ಮೊಕದ್ದಮೆ ಹೂಡಿದ, ಸಾಲದೆ 1312ರಲ್ಲಿ ಅವಳೂ ಗಂಡನೂ ಒಳಗಿದ್ದ ಕೋಟೆಗೇ ಮುತ್ತಿಗೆ ಹಾಕಿದ. ದೊರೆಯ ಸೈನ್ಯ ಬಂದು ಬಿಡಿಸಿತು. ಹವೀಸ್ ಗೆದ್ದಳು, ಸೀಮೆ ಒಡೆಯದೆ ಉಳಿಯಿತು.

ಮುಂದೆ ಆ ಕೋಟೆ ಕೈ ಬದಲಾಗುತ್ತ 1587ರಲ್ಲಿ ಹರ್ಬರ್ಟ್ ಮನೆತನಕ್ಕೆ ಬಂತು. 1784ರಲ್ಲಿ ಆ ಮನೆಯ ಹೆನ್ರಿಯೆಟ್ಟಾ, ರಾಬರ್ಟ್ ಕ್ಲೈವ್‌ನ ಮಗ ಎಡ್ವರ್ಡ್‌ನನ್ನು ಮದುವೆಯಾದಳು. 1798ರಲ್ಲಿ ಅವನು ಮದ್ರಾಸಿನ ಗವರ್ನರ್ ಆದ, ಮರುವರ್ಷ ಶ್ರೀರಂಗಪಟ್ಟಣ ಬಿತ್ತು. 1800ರಲ್ಲಿ ಹೆನ್ರಿಯೆಟ್ಟಾ ಇಬ್ಬರು ಹೆಣ್ಣುಮಕ್ಕಳೊಂದಿಗೆ ಮದ್ರಾಸಿನಿಂದ ಹೊರಟು ಬೆಂಗಳೂರು, ಶ್ರೀರಂಗಪಟ್ಟಣಗಳನ್ನು ಸುತ್ತಿದಳು. ಟಿಪ್ಪುವಿನ ಚಿತ್ತಾರದ ಬಟ್ಟೆಯ ಡೇರೆ, ಅವನ ಸಿಂಹಾಸನದ ರತ್ನ ಕೂರಿಸಿದ ಚಿನ್ನದ ಹುಲಿಮುಖಗಳಲ್ಲೊಂದು ಇಂದಿಗೂ ಪೊವಿಸ್ ಕೋಟೆಯಲ್ಲಿವೆ.

1801ರಲ್ಲಿ ಹೆನ್ರಿಯೆಟ್ಟಾಳ ಅಣ್ಣ ಮಕ್ಕಳಿಲ್ಲದೆ ತೀರಿಕೊಂಡ. ಹವೀಸ್‌ಳ ಕಾಲದ ಹಾಗೆ ಈ ಸಲವೂ ಆಸ್ತಿ ಹೆಣ್ಣಿನ ಕಡೆಯಿಂದ ಮುಂದಕ್ಕೆ ಹೋಗಬೇಕಾಯಿತು. ಅವಳ ಮಗನಿಗೆ ಅದು ಸಲ್ಲಲು ಉಯಿಲಿನಲ್ಲಿ ಒಂದು ಷರತ್ತಿತ್ತು. 1807ರಲ್ಲಿ ಆ ಮಗ ಕ್ಲೈವ್ ಎಂಬ ಅಡ್ಡಹೆಸರನ್ನು ಬಿಟ್ಟು ಹರ್ಬರ್ಟ್ ಎಂದು ಬರೆಸಿಕೊಂಡ.